ಸ್ವಾಮಿ ಈಗ ಏನು ಮಾಡುತ್ತಿದ್ದಾನೆ?

‘ಮಾಲ್ಗುಡಿ ಡೇಸ್’ ಮಾತು ಬಂದಾಗಲೆಲ್ಲ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: ‘ಆ ಸ್ವಾಮಿ ಪಾತ್ರದ ಹುಡುಗ ಈಗ ಏನು ಮಾಡುತ್ತಿದ್ದಾನೆ?’ ಹುಡುಗ ಎಂದೇ ಕೇಳುತ್ತಾರೆ. 1976ರಲ್ಲಿ ಹುಟ್ಟಿದ ಮಾಸ್ಟರ್ ಮಂಜುನಾಥ್ ಅವರಿಗೆ ಈಗ ಐವತ್ತರ ಆಸುಪಾಸಿನ ವಯಸ್ಸು. ನಟನೆ ಬಿಟ್ಟು ಓದಿನ ಕಡೆ ಹೊರಳಿದರು, ಬೇರೆ ಉದ್ಯೋಗ ಹಿಡಿದರು ಎಂದರೆ ಕೇಳಿದವರ ಮುಖ ಸಣ್ಣದಾಗುತ್ತದೆ. ‘ಅಯ್ಯೋ, ಎಂಥ ಪ್ರತಿಭೆ!’ ನನ್ನನ್ನು ಕಾಡುವುದು ಈ ‘ಅಯ್ಯೋ’. ತನ್ನ ಪಾಡಿಗೆ ಬದುಕು ಕಟ್ಟಿಕೊಂಡ ಮನುಷ್ಯನೊಬ್ಬನಿಗಾಗಿ ನಾವು ಮರುಗುವುದು ಯಾವ ಹಕ್ಕಿನಿಂದ?

ಶಂಕರ್ ನಾಗ್ ಆಗುಂಬೆಯನ್ನು ಮಾಲ್ಗುಡಿ ಮಾಡಿದಾಗ ಮಂಜುನಾಥ್‌ಗೆ ಹೆಚ್ಚೆಂದರೆ ಹತ್ತು ವರ್ಷ. ಅಪ್ಪನ ಪಾತ್ರದಲ್ಲಿ ಗಿರೀಶ್ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಅಂಥವರೆದುರು ಹಿಂದಿಯಲ್ಲಿ ಮಾತಾಡುತ್ತ ಈ ಹುಡುಗ ಇಡೀ ದೇಶದ ಮನೆಮಗನಾದ. ‘ಅವನು ನಟಿಸಲೇ ಇಲ್ಲ, ಸ್ವಾಮಿಯೇ ಆಗಿಬಿಟ್ಟಿದ್ದ’ ಎಂದು ಇಂದಿಗೂ ಹೊಗಳುತ್ತೇವೆ. ಮೆಚ್ಚುಗೆಯೇನೋ ನಿಜ. ಆದರೆ ಆ ಹೊಗಳಿಕೆಯಲ್ಲಿ ಹುಡುಗನ ದುಡಿಮೆ ಕಾಣೆಯಾಗುತ್ತದೆ. ಮಾತು ಬಾಯಿಪಾಠ ಮಾಡುವುದು, ಲೈಟು ಸರಿಹೋಗುವ ತನಕ ಕಾಯುವುದು, ಅದೇ ನಗುವನ್ನು ಮತ್ತೆ ಮತ್ತೆ ನಗುವುದು, ಇವೆಲ್ಲ ಕೆಲಸವೇ. ಅದನ್ನು ಸಹಜ ಬಾಲ್ಯವೆಂದು ನೋಡಿದವರು ನಾವು. ಬಾಲ್ಯವೆಂದು ನೋಡಿದ್ದರಿಂದಲೇ ಅದು ನಮ್ಮದೂ ಹೌದು ಅನ್ನಿಸಿಬಿಟ್ಟಿತು.

ಬೆಳೆಯುವುದೇ ಅನರ್ಹತೆಯಾಗುವ ಕೆಲಸ ಬಾಲನಟನದು. ದನಿ ಒಡೆದರೆ, ಮೀಸೆ ಮೂಡಿದರೆ ಮುಗಿಯಿತು. 1990ರ ‘ಅಗ್ನಿಪಥ್’ನಲ್ಲಿ ಅಮಿತಾಭ್ ಬಚ್ಚನ್ ಪಾತ್ರದ ಬಾಲ್ಯವನ್ನು ಮಂಜುನಾಥ್ ನಟಿಸಿದರು, ಅದೇ ವರ್ಷ ಶಂಕರ್ ನಾಗ್ ತೀರಿಕೊಂಡರು. ಅಲ್ಲಿಂದ ಕೆಲವೇ ವರ್ಷಗಳಲ್ಲಿ ಅವರು ಕ್ಯಾಮೆರಾದಿಂದ ದೂರ ಸರಿದರು. ಇದನ್ನು ಅರ್ಧಕ್ಕೇ ನಿಂತ ವೃತ್ತಿ ಎನ್ನುವವರಿದ್ದಾರೆ. ಬಾಲ್ಯ ಮುಗಿದಾಗ ಬಾಲ್ಯದ ಕೆಲಸವೂ ಮುಗಿದರೆ ಅರ್ಧವಾದದ್ದು ಯಾವುದು ಎಂದು ನನಗೆ ತಿಳಿಯುವುದಿಲ್ಲ.

ಹಾಗಾದರೆ ಮಕ್ಕಳು ನಟಿಸಲೇಬಾರದೇ? ಹಾಗೆನ್ನಲು ನನಗೆ ಮನಸ್ಸಿಲ್ಲ. ಮಕ್ಕಳಿಲ್ಲದ ತೆರೆಯಲ್ಲಿ ಸ್ವಾಮಿಯ ಕತೆಯೂ ಇರುವುದಿಲ್ಲ. ವೇಷ ಹಾಕುವ ಆಸೆ ಮಕ್ಕಳಿಗೂ ಉಂಟು, ನಮ್ಮ ಯಕ್ಷಗಾನದ ಬಾಲಗೋಪಾಲರನ್ನು ಕೇಳಿದರೆ ಗೊತ್ತಾಗುತ್ತದೆ. ನನ್ನ ಭಯ ಇರುವುದು ಮುಗಿಯದೆ ಎಳೆದಾಡುವ ದಿನನಿತ್ಯದ ಧಾರಾವಾಹಿಗಳ ಬಗ್ಗೆ. ಸ್ವಾಮಿಯ ಕತೆ ಕೆಲವೇ ಕಂತುಗಳಲ್ಲಿ ಮುಗಿಯಿತು. ಇಂದಿನ ಧಾರಾವಾಹಿಯ ಮಗು ಎಷ್ಟು ದಿನ ಮಗುವಾಗಿರಬೇಕು ಎನ್ನುವುದನ್ನು ಟಿಆರ್‌ಪಿ ಹೇಳುತ್ತದೆ.

ಕಾನೂನು ಸುಮ್ಮನೆ ಕೂತಿಲ್ಲ. 1986ರ ಬಾಲಕಾರ್ಮಿಕ ಕಾಯ್ದೆಗೆ 2016ರಲ್ಲಿ ತಿದ್ದುಪಡಿಯಾಯಿತು, 2017ರಲ್ಲಿ ನಿಯಮಗಳು ಬಂದವು. ದಿನಕ್ಕೆ 5 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ, ಬಿಡುವಿಲ್ಲದೆ 3 ಗಂಟೆ ದಾಟುವಂತಿಲ್ಲ, ಸತತ 27 ದಿನಗಳ ಮೇಲೆ ಕೆಲಸವಿಲ್ಲ. ಸಂಪಾದನೆಯ ಕನಿಷ್ಠ ಶೇ. 20 ಭಾಗ ಮಗುವಿನ ಹೆಸರಿನಲ್ಲೇ ಬ್ಯಾಂಕಿನಲ್ಲಿ ಠೇವಣಿಯಾಗಬೇಕು. ಗಂಟೆಗೆ, ಹಣಕ್ಕೆ ಲೆಕ್ಕವಿದೆ, ಮುಖಕ್ಕಿಲ್ಲ. ಎಂಟು ವರ್ಷದ ಮಗು ಇಂದು ಒಪ್ಪಿ ಕೊಟ್ಟ ಮುಖವನ್ನು ನಲವತ್ತರ ಮನುಷ್ಯ ಬಸ್‌ಸ್ಟ್ಯಾಂಡಿನಲ್ಲೂ ಮದುವೆಮನೆಯಲ್ಲೂ ಹೊತ್ತು ತಿರುಗಬೇಕು. ಆ ಮನುಷ್ಯನನ್ನು ಯಾರೂ ಕೇಳಿರಲಿಲ್ಲ, ಕೇಳುವುದು ಸಾಧ್ಯವೂ ಇರಲಿಲ್ಲ.

ಮಗುವಿನ ಇಚ್ಛೆಗೆ ವಿರುದ್ಧವಾಗಿ ನಟಿಸುವಂತೆ ಮಾಡಬಾರದು ಎಂದೂ ನಿಯಮದಲ್ಲಿದೆ. ಒಳ್ಳೆಯ ಮಾತು. ಆದರೆ ಮಕ್ಕಳು ‘ನನಗೆ ಒಪ್ಪಿಗೆಯಿಲ್ಲ’ ಎಂದು ಹೇಳುವ ಭಾಷೆ ಬೇರೆ. ಆರ್.ಕೆ. ನಾರಾಯಣ್ ಅವರಿಗೆ ಅದು ಗೊತ್ತಿತ್ತು. ಅವರ ‘ಫಾದರ್ಸ್ ಹೆಲ್ಪ್’ ಕತೆಯಲ್ಲಿ ಸೋಮವಾರ ಬೆಳಗಾಗುತ್ತಲೇ ಸ್ವಾಮಿಗೆ ತಲೆನೋವು ಬರುತ್ತದೆ. ಅಮ್ಮ ಮನೆಯಲ್ಲೇ ಇರು ಎನ್ನುತ್ತಾಳೆ, ಅಪ್ಪ ಶಾಲೆಗೆ ಹೊರಡಿಸುತ್ತಾನೆ. ಶೂಟಿಂಗ್ ಇರುವ ಬೆಳಿಗ್ಗೆ, ಸೆಟ್ಟು ಸಿದ್ಧವಾಗಿ, ಬಾಡಿಗೆಯ ಕ್ಯಾಮೆರಾ ಬಂದು ನಿಂತಿರುವಾಗ ಮಗುವಿಗೆ ಅಂಥದೊಂದು ತಲೆನೋವು ಬಂದರೆ, ಅಮ್ಮನಾದರೂ ಹಾಗೆ ಹೇಳುವಂತಿರುತ್ತದೆಯೇ?