ಹಳೆಯ ಆಟ, ಹೊಸ ಬೆಳಕು: ಅಧ್ಯಾಸದ ಒಂದು ವಿಚಾರ

ಪರದೆಯ ಪ್ರತಿಯೊಂದು ಬಿಂದುವಿನ ಬಣ್ಣವನ್ನು ಲೆಕ್ಕಹಾಕುವ ಕಿರು ಪ್ರೋಗ್ರಾಂಗೆ ಶೇಡರ್ ಎಂದು ಹೆಸರು. ಆಟ ಬಿಡುಗಡೆಯಾದ ಎಷ್ಟೋ ವರ್ಷಗಳ ಮೇಲೆ ಅಭಿಮಾನಿಗಳು ಅದಕ್ಕೆ ಹೊಸ ಶೇಡರ್‌ಗಳನ್ನು ಸೇರಿಸಿ, ಹಳೆಯ ವಿಡಿಯೋ ಗೇಮಿನಲ್ಲಿ ಸಹಜವಾದ ನೆರಳು, ಪ್ರತಿಫಲನ, ಬಿಸಿಲುಗಳನ್ನು ಮೂಡಿಸುವ ಪರಿಕರವೇ ಶೇಡರ್ ಮಾಡ್. ಇದು ತಂತ್ರಜ್ಞಾನದ ವಿಷಯವೆಂದು ತೋರಿದರೂ, ಬೆಳಕು ವಸ್ತುವನ್ನು ತೋರಿಸುತ್ತದೆಯೋ ಅಥವಾ ಅದನ್ನು ಬೇರೊಂದಾಗಿಸುತ್ತದೆಯೋ ಎಂಬ ದರ್ಶನಶಾಸ್ತ್ರದ ಪ್ರಶ್ನೆ ಇದರ ಬುಡದಲ್ಲಿದೆ. ಶಿವಮೊಗ್ಗವನ್ನು ಹಾದುಬರುವ ತುಂಗೆಯೂ ಭದ್ರಾವತಿಯನ್ನು ಹಾದುಬರುವ ಭದ್ರೆಯೂ ಸೇರುವ ಕೂಡಲಿಯಲ್ಲಿ ಅದ್ವೈತ, ದ್ವೈತ ಎರಡೂ ಪರಂಪರೆಗಳ ಮಠಗಳಿರುವುದರಿಂದ, ಈ ಸೀಮೆಗೆ ಇಂಥ ವಿಚಾರಣೆ ಹೊಸತಲ್ಲ.

ಬ್ರಹ್ಮಸೂತ್ರ ಭಾಷ್ಯದ ಪೀಠಿಕೆಯಲ್ಲಿ ಶಂಕರಾಚಾರ್ಯರು ವಿವೇಚಿಸುವ ಅಧ್ಯಾಸವೆಂದರೆ, ಒಂದು ವಸ್ತುವಿನ ಧರ್ಮವನ್ನು ಅದಲ್ಲದ ಇನ್ನೊಂದರ ಮೇಲೆ ಆರೋಪಿಸಿ ಕಾಣುವುದು. ಪ್ರಕಾಶದ ಕೆಲಸ ಇದಕ್ಕಿಂತ ಭಿನ್ನ. ಭದ್ರಾವತಿಯಲ್ಲಿರುವ ಹೊಯ್ಸಳರ ಕಾಲದ ಲಕ್ಷ್ಮೀನರಸಿಂಹ ದೇವಾಲಯದೊಳಗೆ ದೀಪವೊಂದನ್ನು ಹಚ್ಚಿದರೆ ಕಂಬದ ನುಣುಪೂ ಚಾವಣಿಯ ಕೆತ್ತನೆಯೂ ಗೋಚರವಾಗುತ್ತವೆ. ಆದರೆ ದೀಪವು ಕಲ್ಲಿಗೆ ಏನನ್ನೂ ಕೂಡಿಸುವುದಿಲ್ಲ, ಅದು ಆರಿದಾಗ ಕಲ್ಲಿನಿಂದ ಏನೂ ಕಳೆದುಹೋಗುವುದಿಲ್ಲ.

ಆಟದ ಲೋಕದಲ್ಲಿ ಈ ನಿದರ್ಶನ ಪೂರ್ತಿಯಾಗಿ ಸಲ್ಲುವುದಿಲ್ಲ. 1996ರ ಕ್ವೇಕ್ ಆಟದಲ್ಲಿ ಗೋಡೆಗಳ ಮೇಲಿನ ಬೆಳಕು-ನೆರಳುಗಳನ್ನು ನಿರ್ಮಾಪಕರೇ ಮುಂಚಿತವಾಗಿ ಲೆಕ್ಕಹಾಕಿ ಚಿತ್ರದಲ್ಲಿ ಸೇರಿಸಿಟ್ಟಿದ್ದರು. ಅಲ್ಲಿ ಕತ್ತಲೆಯೆಂಬುದು ಬೆಳಕಿನ ಕೊರತೆಯಲ್ಲ, ಭಯವನ್ನು ಹುಟ್ಟಿಸಲೆಂದು ರಚಿಸಿದ ಕೃತಿಯ ಅಂಗ. 1997ರ ಕ್ವೇಕ್ 2 ಆಟಕ್ಕೆ 2019ರಲ್ಲಿ ಎನ್‌ವಿಡಿಯಾ ಸಂಸ್ಥೆಯು ಪಾತ್ ಟ್ರೇಸಿಂಗ್ ಅನ್ನು, ಅಂದರೆ ಬೆಳಕಿನ ಕಿರಣವೊಂದು ವಸ್ತುವಿನಿಂದ ವಸ್ತುವಿಗೆ ಚಿಮ್ಮುವ ಹಾದಿಯನ್ನು ಗಣಿತದಿಂದ ಅನುಸರಿಸುವ ಕ್ರಮವನ್ನು, ಅಳವಡಿಸಿದಾಗ ಹಳೆಯ ಗೋಡೆಗಳು ಹೊಸ ದೀಪದಲ್ಲಿ ಕಂಡವು ಎಂದಷ್ಟೇ ಹೇಳಿದರೆ ಸಾಲದು, ಏಕೆಂದರೆ ಬಣ್ಣದ ಲೆಕ್ಕವನ್ನು ಬಿಟ್ಟು ಪರದೆಯ ಮೇಲೆ ಆ ಗೋಡೆಗೆ ಬೇರೆ ಇರವೇ ಇಲ್ಲ. ಬೆಳಕು ಬದಲಾದರೆ ಕಾಣುವ ಕೃತಿಯೂ ಬದಲಾಗುತ್ತದೆ.

ಹಾಗೆಂದು ಶೇಡರ್ ಮಾಡ್ ಅನ್ನು ದೋಷವೆಂದು ತಳ್ಳಿಹಾಕುವುದೂ ಸರಿಯಲ್ಲ. ಸೂತ್ರಕ್ಕೆ ಭಾಷ್ಯವಿರುವಂತೆ, ಮೂಲಕ್ಕೆ ವ್ಯಾಖ್ಯಾನ ಬರೆಯುವ ಹಕ್ಕನ್ನು ಭಾರತೀಯ ಪರಂಪರೆ ಎಂದೂ ಅಲ್ಲಗಳೆದಿಲ್ಲ. ಒಂದೇ ಸೂತ್ರಗ್ರಂಥಕ್ಕೆ ಶಂಕರರೂ ಮಧ್ವರೂ ಪರಸ್ಪರ ಒಪ್ಪದ ಭಾಷ್ಯಗಳನ್ನು ಬರೆದರೂ ಸೂತ್ರಗಳು ಇಬ್ಬರಿಗೂ ಸಮಾನವಾಗಿಯೇ ಉಳಿದವು. ಕ್ವೇಕ್ 2ರ ಹೊಸ ಆವೃತ್ತಿಯಲ್ಲಿ ಆಟಗಾರನು ಬಯಸಿದಾಗ ಹಳೆಯ ಚಿತ್ರಣಕ್ಕೆ ಮರಳಬಹುದಾಗಿದ್ದು, ಮೂಲವನ್ನು ಪಕ್ಕದಲ್ಲಿಟ್ಟು ಓದಿಸುವ ಭಾಷ್ಯದ ಪ್ರಾಮಾಣಿಕತೆ ಅದರಲ್ಲಿದೆ. ಹೊಸ ಬೆಳಕು ತಾನೇ ಮೂಲವೆಂದು ಹೇಳಿಕೊಂಡು ಹಳೆಯದನ್ನು ದೊರೆಯದಂತೆ ಮಾಡಿದಾಗ ಮಾತ್ರ ಅದು ಅಧ್ಯಾಸವಾಗುತ್ತದೆ. ಆದ್ದರಿಂದ ಹೊಸ ಬೆಳಕನ್ನು ಪ್ರೀತಿಸುವವನ ಮೇಲೆಯೇ ಹಳೆಯ ಕೃತಿಯನ್ನು ಅದರ ಕತ್ತಲೆಯ ಸಮೇತ ಕಾಪಾಡುವ ಹೊಣೆ ಹೆಚ್ಚಾಗಿ ಬೀಳುತ್ತದೆ.