ಇಂದಿನ ಚಿಂತನೆ: ಬೆಟ್ಟಕ್ಕೆ ಕಟ್ಟಿದ ಪರದೆ



ಜಪಾನಿನ ಶಿಮಿಜು ಬಂದರಿಗೆ ಕ್ರೂಸ್ ಹಡಗು ಬಂದ ದಿನ, ಪ್ರಯಾಣಿಕರ ಚಿಕ್ಕ ಚಿಕ್ಕ ಗುಂಪುಗಳು ವ್ಯಾನಿನಲ್ಲಿ ಫುಜಿ ಪರ್ವತ ನೋಡಲು ಹೊರಡುತ್ತವೆ. ಹಡಗು ಬಿಡುವುದರೊಳಗೆ ವಾಪಸ್ಸಾಗಬೇಕು, ಹಾಗಾಗಿ ಆತುರ. 3,776 ಮೀಟರ್ ಎತ್ತರವಿದ್ದರೂ ಮೋಡ ಕವಿದರೆ ಬೆಟ್ಟ ಕಾಣುವುದೇ ಇಲ್ಲ!

ಬೆಟ್ಟದ ಇನ್ನೊಂದು ಬದಿಯ ಫುಜಿಕವಾಗುಚಿಕೊ ಪಟ್ಟಣದವರು 2024ರ ಮೇ ತಿಂಗಳಲ್ಲಿ 20 ಮೀಟರ್ ಉದ್ದದ ಕಪ್ಪು ಪರದೆ ಕಟ್ಟಿ ಆ ನೋಟವನ್ನೇ ಮರೆಮಾಡಿದರು. ಫೋಟೊಗಾಗಿ ಪ್ರವಾಸಿಗರು ರಸ್ತೆಗೆ ನುಗ್ಗುತ್ತಿದ್ದರು, ಕಸ ಎಸೆಯುತ್ತಿದ್ದರು. ಆಗಸ್ಟ್‌ನಲ್ಲಿ ಅದನ್ನು ತೆಗೆದರು.

ಅಡ್ಡಗೋಡೆ ಎಂದರೆ ನಮ್ಮವರಿಗೆ ಸಿಟ್ಟು ಬರುತ್ತದೆ, ಬರಬೇಕಾದ್ದೇ. 1927ರಲ್ಲಿ ಬಾಬಾಸಾಹೇಬರು ಮಹಾಡಿನ ಚವದಾರ್ ಕೆರೆಗೆ ನಡೆದದ್ದು ಅದಕ್ಕೇ. ಆದರೆ ಈ ಪರದೆ ಯಾರ ಹುಟ್ಟನ್ನೂ ಕೇಳಲಿಲ್ಲ. ಕೊಡದ್ದನ್ನು ತೆಗೆದುಕೊಳ್ಳೆನು ಎಂಬ ಎರಡನೆಯ ಶೀಲ ನಮ್ಮದು. ಊರಿನವರ ರಸ್ತೆ, ನೆಮ್ಮದಿ ಇವೂ ಕೊಡದ್ದೇ ಎಂದು ನನ್ನ ಅಭಿಪ್ರಾಯ. "ನಾವು ಎಂಟೇ ಜನ" ಎಂದು ಪ್ರತಿ ವ್ಯಾನೂ ಹೇಳಬಹುದು. ಆ ಊರಿಗೆ ಬರುವುದು ಒಂದೇ ವ್ಯಾನಲ್ಲವಲ್ಲ.

ತಪ್ಪು ಮಾಡದವನಿಗೂ ಪರದೆ ಅಡ್ಡವಾಯಿತಲ್ಲ ಎನ್ನಬಹುದು. ನಿಜ. ಆದರೆ ಅವನಿಗೆ ತಪ್ಪಿದ್ದು ಒಂದು ಫೋಟೊ. ಮಹಾಡಿನಲ್ಲಿ ತಡೆದಿದ್ದು ಕುಡಿಯುವ ನೀರು.