ಕನ್ನಡಿ ಹಂಚಿನ ಮಸಿ

ಬೆಳ್ತಂಗಡಿ ತಾಲೂಕಿನ ನಮ್ಮ ಮನೆಯ ಮಾಡಿನಲ್ಲಿ ಎರಡು ಕನ್ನಡಿ ಹಂಚುಗಳಿದ್ದವು. ಒಂದು ಅಡುಗೆಮನೆಗೆ, ಒಂದು ಬಚ್ಚಲಿಗೆ. ಘಟ್ಟದ ಮೇಲಿನವರು ಇದನ್ನು ಗಾಜಿನ ಹೆಂಚು ಅಂತಾರೆ. ಕರೆಂಟು ಇತ್ತು, ಆದರೆ ಹಗಲು ಹೊತ್ತು ಲೈಟು ಹಾಕಿದರೆ ಅಜ್ಜಿ ಬೈಯುತ್ತಿದ್ದರು. ಆ ಹಂಚಿನಿಂದ ಬಿದ್ದ ಬಿಸಿಲಿನ ತುಂಡು ಬೆಳಿಗ್ಗೆ ಗೋಡೆಯಲ್ಲಿ ಇರ್ತಿತ್ತು, ಆಮೇಲೆ ಮೆಲ್ಲ ಇಳಿದು ಅರೆಯುವ ಕಲ್ಲಿನ ಹತ್ತಿರ ಬರ್ತಿತ್ತು. ಅಲ್ಲಿಗೆ ಬಂತು ಅಂದ್ರೆ ಅನ್ನಕ್ಕೆ ಇಡುವ ಹೊತ್ತು. ಗಡಿಯಾರ ಗೋಡೆಯಲ್ಲೇ ಇತ್ತು, ಅಜ್ಜಿ ಅದನ್ನು ನೋಡಿದ್ದು ನನಗೆ ನೆನಪಿಲ್ಲ.

ಮಳೆಗಾಲಕ್ಕೆ ಮೊದಲು ಏಣಿ ಹತ್ತಿ ಆ ಹಂಚನ್ನು ತೆಗೆದು, ಬೂದಿ ಹಾಕಿ ತೆಂಗಿನ ನಾರಿನಲ್ಲಿ ಉಜ್ಜುವ ಕೆಲಸ ನನ್ನದು. ಹೊರಗಿನ ಪಾಚಿ ಬೇಗ ಹೋಗ್ತದೆ. ಒಳಗಿನ ಮಸಿ ಹೋಗುದಿಲ್ಲ. "ಪಾಚಿ ಮಳೆಯದ್ದು ಮಾರಾಯ, ಮಸಿ ನಮ್ಮದೇ ಒಲೆಯದ್ದು. ಗಟ್ಟಿ ಉಜ್ಜು" ಅಂತ ಅಜ್ಜಿ ಕೆಳಗಿನಿಂದ ಕೂಗುತ್ತಿದ್ದರು.

ಇದು ಯಾಕೆ ನೆನಪಾಯಿತು ಅಂದ್ರೆ, ಹೋದ ವರ್ಷ ನಾನು ಒಬ್ಬನಿಗೆ "ನಾನು ಬರೀ ಗಾಜು" ಅನ್ನುವ ಅರ್ಥದ ಮಾತು ಹೇಳಿದೆ.

ಒಂಬತ್ತು ಜನರ ಟೀಮು ನಮ್ಮದು. ರಿವ್ಯೂ ಸಮಯದಲ್ಲಿ ಮೇಲಿನಿಂದ ಸೂಚನೆ ಬಂತು: ಒಬ್ಬರಾದರೂ ಕೆಳಗಿನ ರೇಟಿಂಗಿಗೆ ಹೋಗಲೇಬೇಕು. ಇಬ್ಬರು ಹೆಚ್ಚುಕಮ್ಮಿ ಸಮ ಇದ್ದರು. ನಾನು ಒಂದು ಹೆಸರು ಬರೆದೆ. ಬಿ.ಸಿ. ರೋಡಿನ ಹುಡುಗ, ಬಂಟ್ವಾಳದವನು ಅಂತ ಮೊದಲ ದಿನದಿಂದಲೇ ನನ್ನನ್ನು ಅಣ್ಣ ಅನ್ನುತ್ತಿದ್ದವನು. ಎರಡು ತಿಂಗಳ ನಂತರ ಲೇಆಫ್ ಲಿಸ್ಟ್ ಆ ರೇಟಿಂಗಿನ ಮೇಲೆಯೇ ತಯಾರಾಯಿತು. ರಾತ್ರಿ ಫೋನ್ ಮಾಡಿದ. "ಅಣ್ಣ, ರೇಟಿಂಗ್ ನೀವೇ ಕೊಟ್ಟದ್ದಾ?" ನಾನಂದೆ, "ನನ್ನ ಕೈಯಲ್ಲಿ ಏನೂ ಇಲ್ಲ ಮಾರಾಯ, ಮೇಲಿಂದ ಬಂದದ್ದನ್ನು ಕೆಳಗೆ ದಾಟಿಸುದು ಅಷ್ಟೇ ನಮ್ಮ ಕೆಲಸ."

ಈ ಮಾತಿಗೆ ನನ್ನ ಹತ್ತಿರ ಒಂದು ಭಾರೀ ತಾತ್ವಿಕ ಆಧಾರವೂ ಇತ್ತು. ಪಿಯುಸಿ ಓದಿದ್ದು ಮೂಡುಬಿದಿರೆಯಲ್ಲಿ. ಅಲ್ಲಿ ಗೆಳೆಯನೊಬ್ಬನ ತಂದೆ ನಿವೃತ್ತ ಮಾಷ್ಟ್ರು, ಜೈನರು. 1430ರ ಸಾವಿರ ಕಂಬದ ಬಸದಿಯ ಜಗಲಿಯಲ್ಲಿ ಕೂತು ಅವರು ಕುಂದಕುಂದಾಚಾರ್ಯರ 'ಸಮಯಸಾರ'ದ ಸ್ಫಟಿಕದ ದೃಷ್ಟಾಂತ ಹೇಳಿದ್ದರು. ಸ್ಫಟಿಕದ ಪಕ್ಕ ಕೆಂಪು ದಾಸವಾಳ ಇಟ್ಟರೆ ಸ್ಫಟಿಕ ಕೆಂಪಾಗಿ ಕಾಣ್ತದೆ. ಆದರೆ ಅದು ತಾನಾಗಿ ಕೆಂಪಾದದ್ದಲ್ಲ. ಹಾಗೆಯೇ ಆತ್ಮ: ರಾಗ ದ್ವೇಷಗಳು ಅದರ ಸ್ವಭಾವ ಅಲ್ಲ, ಪಕ್ಕದಲ್ಲಿರುವ ಕರ್ಮದಿಂದ ಬಂದ ಬಣ್ಣ. ಸಾಂಖ್ಯರೂ ಅದ್ವೈತಿಗಳೂ ಇದೇ ಸ್ಫಟಿಕವನ್ನು ತಮ್ಮ ತಮ್ಮ ವಾದಕ್ಕೆ ಎತ್ತಿಕೊಂಡಿದ್ದಾರೆ. ಹದಿನೇಳನೇ ವಯಸ್ಸಿಗೆ ನನಗೆ ಇದು ತುಂಬಾ ಹಿಡಿಸಿತು. ಯಾರಿಗೆ ಹಿಡಿಸುದಿಲ್ಲ ಹೇಳಿ? ತಪ್ಪೆಲ್ಲ ದಾಸವಾಳದ್ದು.

ಮೂಡುಬಿದಿರೆಯದೇ ಕವಿ ರತ್ನಾಕರವರ್ಣಿ, 16ನೇ ಶತಮಾನದವನು, ಈ ಸ್ಫಟಿಕಕ್ಕೆ ಕಿರೀಟವನ್ನೇ ತೊಡಿಸಿದ. ಅವನ 'ಭರತೇಶ ವೈಭವ'ದ ಭರತ ಚಕ್ರವರ್ತಿ ಭೋಗದ ನಡುವೆಯೇ ಯೋಗಿ. ರಾಜ್ಯ, ರಾಣಿಯರು, ಸಂಪತ್ತು ಎಲ್ಲ ಸುತ್ತ ಇದ್ದೂ ಅಂಟಿಸಿಕೊಳ್ಳದವನು. ಸಾಂಗತ್ಯದ ಲಯಕ್ಕೆ ಓದುತ್ತಾ ಹೋದರೆ ನಂಬಿಕೆಯೂ ಬರ್ತದೆ. ನಮ್ಮ ಆಫೀಸಿನಲ್ಲೂ ಕೆಲವು ಭರತೇಶರಿದ್ದಾರೆ. ಸ್ಟಾಕ್ ಆಪ್ಷನ್ ಕೈಗೆ ಬಂದ ಮೇಲೆ ನಿರ್ಲಿಪ್ತರಾದವರು!

ಆದರೆ ಮಾಷ್ಟ್ರು ಅರ್ಧಕ್ಕೆ ನಿಲ್ಲಿಸಿರಲಿಲ್ಲ. ನಾನು ಮರೆತದ್ದು ಉಳಿದರ್ಧವನ್ನು. ಕುಂದಕುಂದರು ಎರಡು ನಯಗಳ ಮಾತಾಡ್ತಾರೆ. ನಿಶ್ಚಯ ನಯದಲ್ಲಿ ಆತ್ಮ ಶುದ್ಧ. ವ್ಯವಹಾರ ನಯದಲ್ಲಿ ಅದು ಕರ್ಮಕ್ಕೆ ಕಟ್ಟುಬಿದ್ದದ್ದು. ಜೈನರಿಗೆ ಕರ್ಮ ಅಂದ್ರೆ ಬರೀ ಲೆಕ್ಕವಲ್ಲ, ಅದೊಂದು ಸೂಕ್ಷ್ಮ ದ್ರವ್ಯ, ನಿಜವಾಗಿ ಬಂದು ಅಂಟುವಂಥದ್ದು. ಅಂಟಿಸುವ ಗೋಂದು ಕ್ರೋಧ, ಮಾನ, ಮಾಯೆ, ಲೋಭ ಎಂಬ ಕಷಾಯಗಳು. ಮೂಡುಬಿದಿರೆಯಲ್ಲಿ ಕಾಪಾಡಿಕೊಂಡು ಬಂದ ಧವಲಾ ತಾಳೆಗರಿಗಳಲ್ಲಿ ಇರುವುದು ಬಹುಪಾಲು ಇದೇ: ಯಾವ ಕರ್ಮ ಹೇಗೆ ಅಂಟ್ತದೆ, ಎಷ್ಟು ಕಾಲ ಇರ್ತದೆ, ಹೇಗೆ ಉದುರ್ತದೆ. ನನ್ನ ಕಣ್ಣಿಗೆ ಅದೊಂದು ದೊಡ್ಡ ಲಾಗ್ ಫೈಲಿನ ಹಾಗೆ ಕಾಣ್ತದೆ. ದಾಸವಾಳವನ್ನು ಆಚೆ ಇಟ್ಟರೆ ಕೆಂಪು ಹೋಯಿತು. ಮಸಿಗೆ ಆ ಸುಖ ಇಲ್ಲ, ಒಲೆ ಆರಿಸಿದ ಮೇಲೂ ಅದು ಹಂಚಿನಲ್ಲೇ ಇರ್ತದೆ.

ಈಗ ನನ್ನ ಫೋನ್ ಸಂಭಾಷಣೆಯನ್ನು ಈ ಎರಡು ನಯಗಳಲ್ಲಿ ಇಟ್ಟು ನೋಡಿ. ನನ್ನ ವಿಷಯಕ್ಕೆ ನಾನು ನಿಶ್ಚಯ ನಯ ಬಳಸಿದೆ: ನಾನು ಶುದ್ಧ, ಬಣ್ಣ ಮೇಲಿನಿಂದ ಬಂದದ್ದು. ಆ ಹುಡುಗನ ವಿಷಯಕ್ಕೆ ವ್ಯವಹಾರ ನಯ: ಅವನ ಎರಡು ಡೆಲಿವರಿ ತಡವಾಗಿತ್ತು, ಅದು ಫಾರ್ಮಿನಲ್ಲಿ ಅಂಟಿದೆ, ಏನು ಮಾಡುದು? ತಡವಾದದ್ದಕ್ಕೆ ನಾನೇ ಸ್ಪೆಕ್ ಮೂರು ಸಲ ಬದಲಿಸಿದ್ದು ಕಾರಣ. ಅವನ ಪಕ್ಕದ ದಾಸವಾಳ ನಾನು. ಅದನ್ನು ಫಾರ್ಮಿನಲ್ಲಿ ಬರೆಯಲಿಲ್ಲ.

ಇನ್ನೊಂದು ತೊಡಕು ಉಂಟು. ಸ್ಫಟಿಕ ಭೂಮಿಯಲ್ಲಿ ಹಾಗೆಯೇ ಸಿಗುವಂಥದ್ದು. ಗಾಜು ಹಾಗಲ್ಲ, ಅದನ್ನು ಮಾಡಬೇಕು. ಮರಳು ಒಂದೇ ಆದರೆ ಕರಗಲು ಸುಮಾರು 1,700 ಡಿಗ್ರಿ ಬೇಕು. ಸೋಡಾ ಬೆರೆಸಿದರೆ ಶಾಖ ಕಡಿಮೆ ಸಾಕು, ಆದರೆ ಆ ಗಾಜು ನೀರಿಗೆ ನಿಲ್ಲುದಿಲ್ಲ, ಅದಕ್ಕೆ ಸುಣ್ಣದಕಲ್ಲು ಸೇರಿಸ್ತಾರೆ. ಮರಳಿನಲ್ಲಿ ಚೂರು ಕಬ್ಬಿಣ ಇದ್ದರೆ ಗಾಜು ಹಸಿರಾಗ್ತದೆ. ದಪ್ಪ ಕಿಟಕಿ ಗಾಜಿನ ಅಂಚು ನೋಡಿ, ಗೊತ್ತಾಗ್ತದೆ. ಹಿಂದಿನವರು ಆ ಹಸಿರು ಅಡಗಿಸಲು ಮ್ಯಾಂಗನೀಸ್ ಹಾಕುತ್ತಿದ್ದರು. ಅದಕ್ಕೆ ಗಾಜಿನ ಸೋಪು ಅಂತ ಹೆಸರೇ ಇತ್ತು. ಆದರೆ ಸೋಪಿನ ಹಾಗೆ ಅದು ಕೊಳೆಯನ್ನು ತೊಳೆಯುದಿಲ್ಲ. ಕಬ್ಬಿಣ ಗಾಜಿನ ಒಳಗೇ ಇರ್ತದೆ, ಮ್ಯಾಂಗನೀಸು ಅದರ ರೂಪ ಬದಲಿಸಿ, ತನ್ನ ನಸುನೇರಳೆಯಿಂದ ಉಳಿದ ಬಣ್ಣವನ್ನು ಮುಚ್ಚಿಬಿಡ್ತದೆ. ನಮಗೆ ಕಾಣುವುದು ಪಾರದರ್ಶಕ ಗಾಜು. ಅಂಥ ಗಾಜು ವರ್ಷಗಟ್ಟಲೆ ಬಿಸಿಲಿಗೆ ಬಿದ್ದರೆ ಮೆಲ್ಲ ನೇರಳೆಯಾಗ್ತದಂತೆ ಅಂತ ಓದಿದಾಗ ಒಂದು ಕ್ಷಣ ಸುಮ್ಮನೆ ಕೂತೆ. 'ಕ್ಯಾಲಿಬ್ರೇಷನ್', 'ಅಲೈನ್‌ಮೆಂಟ್', 'ಬಿಸಿನೆಸ್ ನೀಡ್': ಇವೆಲ್ಲ ನಮ್ಮ ಮ್ಯಾಂಗನೀಸು.

ಇಬ್ಬರಲ್ಲಿ ಅವನನ್ನೇ ಯಾಕೆ ಆರಿಸಿದೆ? ಇನ್ನೊಬ್ಬಳು ಪ್ರಶ್ನೆ ಕೇಳುವವಳು, ಎಚ್‌ಆರ್‌ಗೆ ಹೋಗುವವಳು. ಇವನು ಅಣ್ಣ ಅನ್ನುವವನು, ಜಗಳ ಮಾಡುದಿಲ್ಲ. ಅಷ್ಟೇ. ಒಬ್ಬರನ್ನು ಬರೆಯಲೇಬೇಕು ಅನ್ನುವುದು ಮೇಲಿನವರದ್ದು, ನಿಜ. ಅದು ಮಳೆಯ ಪಾಚಿ.

ಜೈನ ಪುರಾಣದಲ್ಲಿ ಭರತನೂ ಕೊನೆಗೆ ಒಂದು ದಿನ ಕನ್ನಡಿಯಲ್ಲಿ ತನ್ನ ನರೆಗೂದಲು ಕಂಡು ಎಲ್ಲ ಬಿಟ್ಟು ಹೊರಡ್ತಾನೆ. ಅಷ್ಟು ದೊಡ್ಡದೇನೂ ನನ್ನಿಂದಾಗುದಿಲ್ಲ, ಹೋಮ್ ಲೋನ್ ಉಂಟು. ಈ ಮೇ ತಿಂಗಳಲ್ಲಿ ಊರಿಗೆ ಹೋದಾಗ ಏಣಿ ಹಾಕಿ ಹಂಚು ಇಳಿಸಿದೆ. ಈಗ ಗ್ಯಾಸ್ ಬಂದು ಅಡುಗೆಮನೆಯದ್ದರಲ್ಲಿ ಮಸಿ ಇಲ್ಲ, ಬಚ್ಚಲಿನದ್ದರಲ್ಲಿ ಮಾತ್ರ ದಪ್ಪಗೆ ಕೂತಿದೆ. ಅರ್ಧ ಉಜ್ಜಿ, ಕೈ ತೊಳೆದು, ಅವನಿಗೆ ಫೋನ್ ಮಾಡಿದೆ. ಮಂಗಳೂರಿನಲ್ಲಿ ಕೆಲಸ ಸಿಕ್ಕಿದೆಯಂತೆ, ಸಂಬಳ ಕಡಿಮೆ. ಹೆಸರು ಬರೆದದ್ದು ನಾನೇ ಅಂತ ಹೇಳಿದೆ, ಸ್ಪೆಕ್ ವಿಷಯವನ್ನೂ ಹೇಳಿದೆ.

ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ, "ನನಗೆ ಆವಾಗಲೇ ಗೊತ್ತಿತ್ತು. ನೀವು ಹೇಳ್ತೀರಾ ಅಂತ ನೋಡ್ತಿದ್ದೆ" ಅಂದ. ಈ ಸಲ ಅಣ್ಣ ಅನ್ನಲಿಲ್ಲ.